ಮೂಲ ದಾವೆ ಮುಗಿಯುವವರೆಗೆ

ಕಳೆದ ವಾರ ಹನೂರಿನ ಬಸ್ಸಿನಲ್ಲಿ ಪಕ್ಕದಲ್ಲಿ ಕೂತ ಮುದುಕರ ಅಂಗಿಯಿಂದ ಬೀಡಿಯ ವಾಸನೆ ಬಂತು. ಬಟ್ಟೆಗೆ ಇಳಿದುಹೋದ ಹಳೆಯ ವಾಸನೆ. ಕಾಮಗೆರೆಯಲ್ಲಿ ಎದ್ದು ಬೇರೆ ಸೀಟಿಗೆ ಹೋದೆ. ಗಂಡಸರೇ ಇಲ್ಲದ ಒಂದು ಮನೆಯಲ್ಲಿ ಆ ವಾಸನೆ ಹಿಂದೊಮ್ಮೆ ನನ್ನ ಮೂಗಿಗೆ ಬಡಿದಿತ್ತು...

ಆಗ ನಾನು ಕೊಳ್ಳೇಗಾಲದ ಹಿರಿಯ ವಕೀಲರೊಬ್ಬರ ಬಳಿ ಹೊಸದಾಗಿ ಸೇರಿದ್ದೆ. ಆ ಮನೆಯ ಆಯಮ್ಮ ನಮ್ಮ ಕಕ್ಷಿದಾರಳು, ಕಾಡಂಚಿನ ಊರಿನವಳು. ಮೇಯಲು ಹೋದ ಎಮ್ಮೆ ಬರಲಿಲ್ಲವೆಂದು ಅವಳ ಗಂಡ ಒಂದು ಸಂಜೆ ಹುಡುಕಲು ಹೋದ. ಎಮ್ಮೆ ತಾನಾಗಿ ಮನೆಗೆ ಬಂತು. ಆತ ಬರಲಿಲ್ಲ. ಎಂಟು ವರ್ಷ ಕಳೆದರೂ ಸುದ್ದಿಯಿಲ್ಲ. ಅಣ್ಣ ಬದುಕಿದ್ದಾನೆ, ಬರುವವರೆಗೆ ನಾನೇ ನೋಡಿಕೊಳ್ಳುತ್ತೇನೆ ಎಂದು ಮೈದುನ ಹೊಲ ಹಿಡಿದು ಕೂತ. ಅದರಲ್ಲಿದ್ದ ಬೇವಿನ ಮರಗಳನ್ನು ಮಾರಲೂ ಹೊರಟ. ಹೊಲ ಬೇಕಾದರೆ ಗಂಡ ಸತ್ತನೆಂದು ಕೋರ್ಟಿನಿಂದಲೇ ಹೇಳಿಸಬೇಕಿತ್ತು.

ದಾವೆ ಮುಗಿಯಲು ವರ್ಷಗಳೇ ಹಿಡಿಯುತ್ತವೆ. ಅದಕ್ಕೇ ಸದ್ಯಕ್ಕೆ ಆತ ಸತ್ತನೆಂದು ಭಾವಿಸಿ ಹೊಲದ ಖಾತೆಯನ್ನು ಅವಳ ಹೆಸರಿಗೆ ಮಾಡಿಸಿಕೊಡಿ ಎಂದು ಮಧ್ಯಂತರ ಅರ್ಜಿ ಹಾಕಿದೆವು. ನ್ಯಾಯಾಧೀಶರು ಒಪ್ಪಲಿಲ್ಲ. ಸತ್ತಿದ್ದಾರೋ ಇಲ್ಲವೋ ಎಂಬುದೇ ಮೂಲ ದಾವೆ, ಅದನ್ನು ಈಗಲೇ ಹೇಳಿದರೆ ವಿಚಾರಣೆಗೆ ಏನು ಉಳಿಯುತ್ತದೆ ಎಂದರು. ಮರ ಕಡಿಯಬಾರದು, ತೀರ್ಪಿನವರೆಗೆ ಎಲ್ಲವೂ ಇದ್ದ ಹಾಗೇ ಇರಲಿ ಎಂದಷ್ಟೇ ಆದೇಶವಾಯಿತು.

ಹೊರಗೆ ಬಂದ ಮೇಲೆ ಆಯಮ್ಮ ಹಿರಿಯರನ್ನು ಕೇಳಿದಳು. "ಅಂಗಾರೆ ಅವ್ರು ಸತ್ತಿಲ್ವಾ ಸಾ?"

"ಸತ್ತಿದ್ದಾರೆ ಅಂತ ಕೋರ್ಟು ಇನ್ನೂ ಹೇಳಿಲ್ಲಮ್ಮ."

ಆಯಮ್ಮ ತಲೆಯಾಡಿಸಿ ಬಸ್ಸಿಗೆ ಹೊರಟಳು. ಮುಂದಿನ ವಾಯಿದೆಗೆ ಬಂದಾಗ ಎಂಟು ವರ್ಷ ಬರಿದಾಗಿದ್ದ ಹಣೆಯಲ್ಲಿ ಕುಂಕುಮವಿತ್ತು.

ಸಾಕ್ಷಿಯ ಪ್ರಮಾಣಪತ್ರಕ್ಕೆ ಹೆಬ್ಬೆಟ್ಟು ಹಾಕಿಸಲು ಒಂದು ಮಧ್ಯಾಹ್ನ ನಾನೇ ಅವಳ ಮನೆಗೆ ಹೋದೆ. ಬಾಗಿಲು ತೆರೆದ ಕೂಡಲೇ ಬೀಡಿಯ ವಾಸನೆ. ನೆಲದ ಮೇಲೆ ಎರಡು ತಟ್ಟೆ. ಎರಡರಲ್ಲೂ ಮುದ್ದೆ ಮುರಿದು ಉಂಡಿದ್ದ ಗುರುತು.

"ಮೆಲ್ಲುಗ್ ಮಾತಾಡು ಕಣವ್ವ, ಈಗ್ತಾನೆ ಮಲಗವ್ರೆ."

ಓದು ಬಾರದವರಿಗೆ ಪ್ರಮಾಣಪತ್ರವನ್ನು ಓದಿ ಹೇಳಲೇಬೇಕು. ಪಿಸುದನಿಯಲ್ಲಿ ಓದಿದೆ. 'ನನ್ನ ಗಂಡ ಬದುಕಿಲ್ಲವೆಂದು ನಂಬಿರುತ್ತೇನೆ' ಎಂಬ ಸಾಲಿಗೆ ಬಂದಾಗ ಒಳಕೋಣೆಯಲ್ಲಿ ಮಂಚ ಕಿರುಗುಟ್ಟಿತು. ಯಾರೋ ಮಗ್ಗಲು ಬದಲಿಸಿದ ಹಾಗೆ... ಆಯಮ್ಮ ಬಾಗಿಲ ಕಡೆ ಒಮ್ಮೆ ನೋಡಿ, ಹೆಬ್ಬೆಟ್ಟು ಒತ್ತಿದಳು.

"ಹಿಂಗಿದ್ದೂ ಯಾಕಮ್ಮ ಕೇಸು?" ಎಂದೆ.

"ಹೊಲ ಬೇಕಲ್ಲವ್ವ. ಇಬ್ರು ಉಣ್ಬೇಕು."

ಒಳಗೆ ಇಣುಕಿ ನೋಡಬಹುದಿತ್ತು. ನೋಡಲಿಲ್ಲ. ಬಸ್ಸಿಗೆ ಓಡಿದೆ. ಹಿರಿಯರಿಗೂ ಹೇಳಲಿಲ್ಲ.

ಮಧ್ಯಂತರ ಆದೇಶವಾದ ನಾಲ್ಕು ವರ್ಷದ ಮೇಲೆ ದಾವೆ ನಮ್ಮ ಪರವಾಯಿತು. ಆತ ಸತ್ತಿದ್ದಾನೆಂದು ಭಾವಿಸಬೇಕು, ಹೊಲ ಹೆಂಡತಿಗೆ ಸೇರಬೇಕು. ಕೋರ್ಟಿನ ಮೆಟ್ಟಿಲ ಮೇಲೆ ಸಂತೋಷದಿಂದ ಹೇಳಿದೆ. ಆಯಮ್ಮ ನನ್ನ ತೋಳು ಹಿಡಿದಳು.

"ಅಂಗಾರೆ ಬೆಳಿಗ್ಗೆ ಉಂಡವ್ರು ಯಾರವ್ವ?"

ಮುಂದಿನ ಕೇಸು ಕೂಗಿದರೆಂದು ನಾನು ಒಳಗೆ ಹೋದೆ.

ತೀರ್ಪಿನ ನಕಲಿಗೆ ಆಯಮ್ಮ ಬಂದದ್ದು ಹದಿನೈದು ದಿನ ಬಿಟ್ಟು. ಹಣೆ ಮತ್ತೆ ಬರಿದಾಗಿತ್ತು. "ಅವತ್ತು ನಾನು ಮನೆಗ್ ಓಗೋ ಅಷ್ಟರಲ್ಲಿ ಹಿಂದ್ಲು ಬಾಗ್ಲು ತಗ್ದಿತ್ತು ಕಣವ್ವ. ಅವ್ರ್ ಚಪ್ಲಿನೂ ಇರ್ನಿಲ್ಲ," ಎಂದಳು. ಬೈಯಲಿಲ್ಲ, ಅಳಲೂ ಇಲ್ಲ. ನಕಲನ್ನು ಸೆರಗಿನಲ್ಲಿ ಸುತ್ತಿಕೊಂಡು ಹೊರಟುಹೋದಳು.

ಆಯಮ್ಮ ತೀರಿಕೊಂಡು ಎರಡು ವರ್ಷವಾಯಿತು. ಸುದ್ದಿ ಬಂದ ದಿನ ಬೇರೊಂದು ಕೇಸಿತ್ತು, ಹೋಗಲಿಲ್ಲ. ಹೋಗಬೇಕಿತ್ತು. ಈಗಲೂ ಮಧ್ಯಂತರ ಅರ್ಜಿಯಲ್ಲಿ 'ಅದನ್ನು ಈಗ ಹೇಳಲಾಗದು' ಎಂದು ನ್ಯಾಯಾಧೀಶರು ಅಂದರೆ ಕಕ್ಷಿದಾರರ ಮುಖ ಬಾಡುತ್ತದೆ. ಸಮಾಧಾನ ಹೇಳಲು ಬಾಯಿ ತೆರೆಯುತ್ತೇನೆ. ಕೋರ್ಟು ಏನೂ ಹೇಳದೆ ಇದ್ದುದರಿಂದಲೇ ಆಯಮ್ಮನಿಗೆ ಗಂಡ ಇದ್ದ ಆ ನಾಲ್ಕು ವರ್ಷ ನೆನಪಾಗಿ, ಮುಂದಿನ ವಾಯಿದೆಯ ದಿನಾಂಕವನ್ನಷ್ಟೇ ಬರೆದುಕೊಡುತ್ತೇನೆ.