ಮೂರನೇ ಮಹಡಿಯ ಅಡುಗೆಮನೆ ಕಿಟಕಿ

ನಾಲ್ಕು ಶತಮಾನಗಳ ಹಿಂದೆ ಡಚ್ಚರು ದೇವರ ಹೆಸರಲ್ಲಿ ಹೊಡೆದಾಡಿದ್ದನ್ನು ಓದುತ್ತ, ಬರೆಯುತ್ತ ನನ್ನ ಅರ್ಧ ಆಯುಷ್ಯ ಕಳೆದಿದೆ. ಗಂಡನಿಗೆ ಬ್ಯಾಂಕಿನಲ್ಲಿ ವರ್ಗವಾಗಿ ಅಹಮದಾಬಾದಿನ ಸ್ಯಾಟಲೈಟ್ ಬಡಾವಣೆಗೆ ಬಂದವರು ಇಲ್ಲೇ ಉಳಿದುಬಿಟ್ಟೆವು. ತಿಂಗಳಿಗೊಂದು ಭಾನುವಾರ ಜನರನ್ನು ಸೂರತ್ತಿನ ಡಚ್ ಗೋರಿಗಳ ನಡುವೆ ಸುತ್ತಾಡಿಸಿ ಇತಿಹಾಸ ಹೇಳುತ್ತೇನೆ. ಅವರಿಗೆ ಬೇಕಾದದ್ದು ಫೋಟೊ, ಆಮೇಲೆ ತಿಂಡಿ. ನನಗೂ ಸಾಕಾಗಿದೆ, ಆದರೂ ಹೋಗುತ್ತೇನೆ.

ನಮ್ಮ ಮೇಲೆ, ಮೂರನೇ ಮಹಡಿಯ ಮನೆಯಲ್ಲಿ ಮಂಗಳೂರು ಕಡೆಯ ಸಂಸಾರವೊಂದು ಬಾಡಿಗೆಗಿತ್ತು. ಯಜಮಾನರದು ವಸ್ತ್ರಾಪುರದಲ್ಲಿ ಇಡ್ಲಿ-ದೋಸೆಯ ಹೋಟೆಲು, ಮಗಳು ಹತ್ತನೇ ಕ್ಲಾಸು. ನಮ್ಮದು ಸಸ್ಯಾಹಾರಿಗಳ ಹೌಸಿಂಗ್ ಸೊಸೈಟಿ, ಮೀನು ಬೇಯಿಸುವಂತಿಲ್ಲ. ಆ ಮನೆಯಾಕೆ ಭಾನುವಾರ ಅಡುಗೆಮನೆಯ ಕಿಟಕಿ ಮುಚ್ಚಿ, ಬಾಗಿಲ ಬಳಿ ಧೂಪ ಹಾಕುತ್ತಿದ್ದರು. ಧೂಪ ಬಂತೆಂದರೆ ಒಳಗೆ ಬಂಗುಡೆ ಬೇಯುತ್ತಿದೆ ಅಂತಲೇ ಅರ್ಥ. ಇಡೀ ಕಟ್ಟಡಕ್ಕೆ ಗೊತ್ತಿತ್ತು, ಯಾರೂ ತುಟಿ ಬಿಚ್ಚುತ್ತಿರಲಿಲ್ಲ.

ಒಮ್ಮೆ ಸೊಸೈಟಿಯವರೇ ಬಸ್ಸು ಮಾಡಿಕೊಂಡು ಸೂರತ್ತಿಗೆ ಹೊರಟರು. ಆಕೆಯೂ ಬಂದಿದ್ದರು. ಡಚ್ಚರ ಊರುಗಳಲ್ಲಿ ಒಂದು ಕ್ರೈಸ್ತ ಪಂಥದವರು ಬಹಿರಂಗವಾಗಿ ಪೂಜೆ ಮಾಡುವಂತಿರಲಿಲ್ಲ, ಅದಕ್ಕೇ ಮನೆಯ ಅಟ್ಟದಲ್ಲಿ ಇಗರ್ಜಿ ಮಾಡಿಕೊಂಡಿದ್ದರು, ಬೀದಿಗೆ ಕಾಣದಿದ್ದರೆ ಸಾಕು, ಗೊತ್ತಿದ್ದವರೂ ಸುಮ್ಮನಿರುತ್ತಿದ್ದರು ಎಂದು ಹಿಂದಿಯಲ್ಲಿ ವಿವರಿಸಿದೆ. ಯಾರ ಮುಖದಲ್ಲೂ ಏನೂ ಹೊಳೆದಂತೆ ಕಾಣಲಿಲ್ಲ. ನನಗೋ ಬಿಸಿಲು, ದಣಿವು, ಸಿಟ್ಟು. "ನಮ್ಮ ಬಿಲ್ಡಿಂಗಲ್ಲೇ ಮೂರನೇ ಮಹಡಿಯ ಕಿಟಕಿ ಭಾನುವಾರ ಯಾಕೆ ಮುಚ್ಚಿರುತ್ತೆ? ನಾವು ಸುಮ್ಮನಿಲ್ವಾ? ಹಾಗೇ ಅದೂ" ಎಂದುಬಿಟ್ಟೆ.

ಎಲ್ಲರೂ ನಕ್ಕರು. ಕೊನೆಗೂ ಅರ್ಥವಾಯಿತಲ್ಲ ಎಂದು ನಾನು ಬೀಗಿದೆ, ದಡ್ಡಿ. ಆಕೆ ಗೋರಿಯ ಮೇಲಿನ ಬರಹ ನೋಡುತ್ತ ನಿಂತಿದ್ದರು. ಅದು ಅವರಿಗೆ ಓದಲು ಬಾರದ ಭಾಷೆ.

ಹದಿನೈದು ದಿನದಲ್ಲಿ ಅವರಿಂದ ಮನೆ ಖಾಲಿ ಮಾಡಿಸಬೇಕೆಂದು ಆ ಮನೆಯ ಮಾಲೀಕರಿಗೆ ಸೊಸೈಟಿಯಿಂದ ಕಾಗದ ಹೋಯಿತು. ನಾನು ಚೇರ್ಮನ್ ಮನೆಗೆ ಓಡಿದೆ. ಅವರೇನೂ ಕೆಟ್ಟವರಲ್ಲ. ಚಹಾ ಕೊಟ್ಟು, ಹಿಂದಿಯಲ್ಲೇ ಸಮಾಧಾನವಾಗಿ ಹೇಳಿದರು: "ನಮಗೂ ಗೊತ್ತಿತ್ತು, ಬೆಹನ್‌ಜಿ. ಆದರೆ ನೀವು ಎಲ್ಲರೆದುರು ಹೇಳಿದ ಮೇಲೆ ಗೊತ್ತಿಲ್ಲ ಅಂತ ನಾನು ಹೇಗೆ ಕೂತಿರಲಿ?"

ಇದನ್ನೇ ಅಲ್ಲವೇ ನಾನು ವರ್ಷಗಟ್ಟಲೆ ಪಾಠ ಮಾಡಿದ್ದು.

ಪಾತ್ರೆ ಕಟ್ಟಲು ನೆರವಾಗೋಣವೆಂದು ಮೇಲೆ ಹೋದೆ. ಮಗಳು ರಟ್ಟಿನ ಪೆಟ್ಟಿಗೆಗಳ ನಡುವೆ ಕೂತು ಗಣಿತ ಮಾಡುತ್ತಿದ್ದಳು. ಕ್ಷಮೆ ಕೇಳಿದೆ. ಆಕೆ ಮೀನಿನ ಸಾರಿನ ಮಣ್ಣಿನ ಗಡಿಗೆಗೆ ಪೇಪರ್ ಸುತ್ತುತ್ತಲೇ ಹೇಳಿದರು: "ನೀವು ಬೇಕಂತ ಹೇಳಿದ್ದಲ್ಲ ಅಕ್ಕ, ನಂಗೆ ಗೊತ್ತುಂಟು. ಆದ್ರೆ ಇವಳ ಪರೀಕ್ಷೆ ಮುಗಿಯುವವರೆಗಾದ್ರೂ ಸುಮ್ಮನಿರಬಹುದಿತ್ತಲ್ಲ?"

ಈಗಲೂ ಸೂರತ್ತಿಗೆ ಹೋಗುತ್ತೇನೆ. ಅಟ್ಟದ ಇಗರ್ಜಿಯ ಮಾತು ಬಂದಾಗ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ, ನಮ್ಮ ಕಡೆ ಹೀಗೇನಾದರೂ ಇದೆಯಾ ಮೇಡಂ ಅಂತ.

ನನಗೆ ಗೊತ್ತಿಲ್ಲ ಎನ್ನುತ್ತೇನೆ.