ಫೋನಿನಲ್ಲಿ ನಡೆದ ಮದುವೆ

ಮೊಮ್ಮಕ್ಕಳೇ, ಅಮೆರಿಕದ ಪ್ಲೆಸೆಂಟನ್‌ನಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಧಾರವಾಡದ ಹೆಂಗಸು ಫೋನಿನ ಕಥೆಗಳ ಆ್ಯಪಿನಲ್ಲಿ ದಿನಕ್ಕೊಂದು ಕಂತು ಧಾರಾವಾಹಿ ಬರೆದು ಹಾಕುತ್ತಿದ್ದರು. ಡೇಕೇರ್ ಮುಂದೆ ಕಾರಿನಲ್ಲಿ ಮಗುವಿಗಾಗಿ ಕಾಯುತ್ತಾ, ಸಾಲುಗಳನ್ನು ಬಾಯಲ್ಲಿ ಹೇಳಿಕೊಳ್ಳುತ್ತಾ, ಒಂದೇ ಹೆಬ್ಬೆರಳಿನಲ್ಲಿ ಒತ್ತುತ್ತಿದ್ದರು.

ಕಥೆಯಲ್ಲಿ ಮಗಳ ಮದುವೆ ಬಂತು. ವಿಧವೆ ತಾಯಿಯೇ ಆರತಿ ಎತ್ತುವ ಸುಳಿವು ಸಿಕ್ಕಿದ್ದೇ ತಡ, ಓದುಗರು ಸಿಟ್ಟಾದರು. ‘ಹೀಗಾದ್ರೆ ಓದೋದು ಬಿಡ್ತೀವಿ’ ಎಂದು ಬರೆದರು.

“ಬದಲಾಯಿಸ್ತೀರಾ?” ಎಂದು ಅಳುಕುತ್ತಲೇ ಕೇಳಿದೆ.

“ಯಾಕ್ರೀ ಅಮ್ಮಾರ? ಲಗ್ನ ನನ್ನ ಕಥ್ಯಾಗಿಂದು. ಯಾರು ಮುಂದ ನಿಂದರಬೇಕಂತ ನಾ ಹೇಳ್ತೀನಿ!” ಎಂದು ನಕ್ಕರು.

ಮರುದಿನ ಆ ತಾಯಿ ಆರತಿ ಎತ್ತಿದಳು. ಎಷ್ಟೋ ಜನ ಬಿಟ್ಟುಹೋದರು.

ನಿಮ್ಮ ತಾತ ತೀರಿಕೊಂಡ ಮೇಲೆ ನಡೆದ ನಿಮ್ಮಮ್ಮನ ಮದುವೆಯನ್ನು ನಾನು ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡಿದ್ದೆ. ಎಲ್ಲಿಯೂ ಏನೂ ಬರೆಯದ ನಾನು ಅಂದು ಆ ಕಂತಿನ ಕೆಳಗೆ ಬರೆದೆ: ‘ನಾನು ಓದುವುದು ಬಿಡುವುದಿಲ್ಲ.’