ಕೆಳಗಿನವ ಎದ್ದನೇನು?

ಬಾಜೂ ಮನಿಯಾಕಿ ಮೊಣಕಾಲಿಗೆ ನೋವಿನೆಣ್ಣಿ ತಿಕ್ಕೊಂಡರ ವಾಸನಿ ನಮ್ಮ ಅಡಿಗಿಮನಿತನಕ ಬರ್ತದ. ಆಕಿಗೆ ಅದು ಔಷಧ. ನನಗ ಎದಿ ಧಸಕ್ ಅಂತದ. ನಗಬ್ಯಾಡ್ರಿ, ಹೇಳ್ತೀನಿ.

ಆಗ ಮುಂಬೈದಾಗ ಪರೇಲಿನ ಚಾಳಿನ್ಯಾಗ ಇದ್ವಿ. ನಮ್ಮ ಮನಿಯವರು ಮಿಲ್ಲಿನ್ಯಾಗ ಬದಲಿ ಆಳು. ಯಾರರ ರಜಾ ಹಾಕಿದರ ಕೆಲಸ, ಇಲ್ಲಂದರ ಗೇಟಿನಿಂದ ವಾಪಸ್. ಆದರ ಕಬಡ್ಡಿ ಚಲೋ ಆಡ್ತಿದ್ರು. ರವಿವಾರದ ಮ್ಯಾಚ್ ಗೆದ್ದರ ಕಾಯಂ ಮಾಡ್ತೀವಿ ಅಂತ ಮಿಲ್ಲಿನವರು ಹೇಳಿದ್ರು. ಸಂಜಿಮುಂದ ಅವರ ಬೆನ್ನಿಗೆ ಎಣ್ಣಿ ತಿಕ್ಕೋದು ನನ್ನ ಕೆಲಸ. ಬೆನ್ನೋ ಬಾಗಿಲೋ, ನನ್ನ ಕೈ ಸೋಲ್ತಿದ್ವು.

ಟಿವಿ ಆಗಷ್ಟ ಬಂದಿತ್ತು. ಇಡೀ ಚಾಳಿಗೆ, ಮಿಲ್ಲಿಗೆ ಆಳು ಹಚ್ಚೋ ಜಾಬರ್ ಕಾಕಾನ ಮನ್ಯಾಗ ಒಂದ. ಮರಾಠಿ ನಾಟಕ ನೋಡಾಕ ಹೋಗಿ ಕುಂತರ, ನಡುವ ಅಮೆರಿಕಾದ ಆಟದ ತುಣುಕು ಹಾಕಿದ್ರು. ಫುಟ್‌ಬಾಲ್ ಅಂತ. ಕಾಲಿಲೆ ಒದ್ದಿದ್ದು ನಾ ಕಾಣಲಿಲ್ಲ. ತಲಿಗೆ ಕೊಡಪಾನದಂಥ ಟೊಪ್ಪಿಗಿ, ಹೆಗಲಿಗೆ ದಿಂಬು ಕಟಗೊಂಡ ಗೂಳಿಯಂಥ ಗಂಡಸರು, ಚೆಂಡು ಹಿಡಕೊಂಡು ಓಡೋ ಒಬ್ಬನ ಮ್ಯಾಲೆ ರಾಶಿರಾಶಿ ಬಿದ್ರು. ಬಿದ್ದವರೆಲ್ಲಾ ಎದ್ರು. ಕೆಳಗಿನವ ಏಳಲಿಲ್ಲ. ಸ್ಟ್ರೆಚರ್ ತಂದ್ರು. ಅಷ್ಟರಾಗ ಟಿವಿಯಾಕಿ ನಕ್ಕೋತ ಬಂದು ಮುಂದಿನ ಕಾರ್ಯಕ್ರಮ ಹೇಳಿದಳು.

"ಕಾಕಾ, ಅವ ಬದುಕಿದನೇನ್ರಿ?"

"ನನಗೇನ್ ಗೊತ್ತವ್ವಾ? ಅಮೆರಿಕಾಕ್ಕ ಟ್ರಂಕ್ ಕಾಲ್ ಮಾಡಿ ಕೇಳ್ಲೇನು?"

ಎಲ್ಲಾರೂ ನಕ್ಕರು. ಆ ರಾತ್ರಿ ಊಟಕ್ಕ ಬಡಿಸ್ಕೋತ ಇವರಿಗೆ ಅದನ್ನೆಲ್ಲಾ ಹೇಳಿದೆ.

"ರೀ, ರವಿವಾರ ಹೋಗಬ್ಯಾಡ್ರಿ."

"ಕಾಯಂ ಬ್ಯಾಡೇನು? ಇಲ್ಲಾ, ನಾನೂ ದಿಂಬು ಕಟಗೊಂಡು ಆಡ್ಲೇನು?"

"ಅವ ದಿಂಬು ಕಟಗೊಂಡೂ ಏಳಲಿಲ್ಲ. ನೀವು ಬರೇ ಚಡ್ಡಿ."

ಹೋದರು. ಹಿಂದಿಂದ ನಾನೂ ಹೋದೆ. ನಮ್ಮ ಚಾಳಿನ ಹೆಂಗಸರು ಮ್ಯಾಚಿಗೆ ಹೋಗ್ತಿರಲಿಲ್ಲ, ಹೋದೆ. ಇವರು ಕಬಡ್ಡಿ ಕಬಡ್ಡಿ ಅನಕೋತ ಆಚಿ ಕಡೆ ನುಗ್ಗಿದ್ರು. ಒಬ್ಬ ಕಾಲು ಹಿಡಿದ, ಒಬ್ಬ ಸೊಂಟ, ಆಮ್ಯಾಲೆ ಎಲ್ಲಾರೂ ಬಿದ್ರು. ಧೂಳು. ಇವರು ಕಾಣಲೇ ಇಲ್ಲ. ನಾ ಹ್ಯಾಂಗ ಒಳಗ ಹೋದೆನೋ ಗೊತ್ತಿಲ್ಲ, ಮ್ಯಾಲಿನವನ ಜುಟ್ಟು ನನ್ನ ಕೈಯಾಗ ಇತ್ತು. "ಏಳ್ರಲೇ, ಸತ್ತುಹೋಗ್ತಾರ!"

ಕೆಳಗಿಂದ ಇವರ ದನಿ ಬಂತು, ಬಾಯಿ ತುಂಬ ಮಣ್ಣು. "ಗೆರಿ ಮುಟ್ಟೀನಿ! ಹೊರಗ ಹೋಗ, ಹುಚ್ಚಿ!"

ಮುಟ್ಟಿದ್ದು ಖರೇ. ಆದರ ಹೊರಗಿನವರು ನುಗ್ಗಿದ್ದಕ್ಕ ಅಂಪೈರ್ ಆ ಪಾಯಿಂಟ್ ಹಿಡೀಲಿಲ್ಲ. ಸೋತ್ರು. ಕಾಯಂ ಒಂದು ವರ್ಷ ಮುಂದ ಹೋತು. ಚಾಳಿನವರು ನನಗ ಅಂಪೈರಬಾಯಿ ಅಂದ್ರು. ಅನ್ಲಿ. ಬದಲಿ ಆಳಿನ ಹೆಂಡತಿಯಾಗಿ ಇರಬಹುದು, ಸ್ಟ್ರೆಚರ್ ಹಿಂದ ಓಡೋದು ನನ್ನಿಂದ ಆಗೂದಿಲ್ಲ.

ಭಾಳ ದಿನ ನನ್ನ ಕೈಲೆ ಎಣ್ಣಿ ತಿಕ್ಕಿಸ್ಕೊಳ್ಳಲಿಲ್ಲ ಅವರು. ಕಡೀಕ ಒಂದಿನ ಬೆನ್ನು ಕೊಟ್ಟು ಕುಂತು ಅಂದ್ರು, "ಇನ್ನೊಮ್ಮೆ ಮ್ಯಾಚಿಗೆ ಬಂದರ ಕುಂತ ಜಾಗಾ ಬಿಡಬ್ಯಾಡ. ನಾ ಬಿದ್ದಲ್ಲಿಂದ ಒಂದು ಕೈ ಎತ್ತತೀನಿ. ಅದನ್ನ ನೋಡು." ಆಡೋತನಕ ಎತ್ತಿದ್ರು.

ಇವತ್ತು ಮಧ್ಯಾಹ್ನ ಆ ವಾಸನಿ ಬಂದಾಗ ಇವರು ಮುಖದ ಮ್ಯಾಲೆ ಚಾದರ ಎಳಕೊಂಡು ಮಲಗಿದ್ರು. ಬಾಗಿಲಾಗ ನಿಂತು ನೋಡಿದೆ. ಉಸಿರಾಡೋದು ಕಾಣಲಿಲ್ಲ. ರೀ ಅಂದೆ. ಕೈ ಏಳಲಿಲ್ಲ. ಹೋಗಿ ಚಾದರ ಕಿತ್ತೆ.

"ಸಾಯೋತನಕ ನಿದ್ದಿ ಮಾಡಗೊಡೂದಿಲ್ಲ ನೀ!"

ಬೈದ್ರು. ಇನ್ನೊಂದು ನಾಕು ಮಾತು ಬೈಲಿ ಅಂತ ಅಲ್ಲೇ ನಿಂತೆ.